ಘಟೋತ್ಕಚನಿಗೆ ಊಟಕ್ಕೇನು ಹಾಕುತ್ತಿದ್ದೆ?

ಕಳೆದ ಬೇಸಿಗೆ ರಜೆಗೆ ಬನಹಟ್ಟಿಗೆ ಬಂದಿದ್ದ ನನ್ನ ಮೊಮ್ಮಗ ‘ಮಾಯಾಬಜಾರ್’ ನೋಡುತ್ತ ಕುಳಿತಿದ್ದ. ಕುಳಿತಿದ್ದ ಅನ್ನುವುದಕ್ಕಿಂತ ನಾನು ಕೂಡಿಸಿದ್ದೆ ಅನ್ನುವುದು ಸರಿ. ಕಪ್ಪು-ಬಿಳುಪು ಚಿತ್ರ ಅಂದಕೂಡಲೇ ಅವನ ಮುಖ ಹಾಗಲಕಾಯಿ ತಿಂದಂತಾಗಿತ್ತು. ‘ಅರ್ಧ ತಾಸು ನೋಡು, ಬ್ಯಾಸರಾದ್ರ ಎದ್ದು ಹೋಗು, ನಿನ್ನ ಮೊಬೈಲ್ ನಿನಗ ಕೊಡತೀನಿ’ ಎಂದು ಒಪ್ಪಂದ ಮಾಡಿಕೊಂಡಿದ್ದೆ. ಅವನು ಗಡಿಯಾರ ನೋಡುತ್ತಲೇ ಇದ್ದ. ಅಷ್ಟರಲ್ಲಿ ತೆರೆಯ ಮೇಲೆ ಶಶಿರೇಖೆ ಒಂದು ಪೆಟ್ಟಿಗೆಯ ಮುಚ್ಚಳ ತೆಗೆದಳು. ಅದರೊಳಗೆ ಎಲ್ಲೋ ದೂರದಲ್ಲಿದ್ದ ಅಭಿಮನ್ಯು ಕಾಣಿಸಿಕೊಂಡು ಇವಳೊಡನೆ ಹಾಡತೊಡಗಿದ.

‘ಅಜ್ಜಾ, ವಿಡಿಯೋ ಕಾಲ್!’ ಎಂದು ಮೊಮ್ಮಗ ಕೂಗಿದ.

ಆಮೇಲೆ ಅವನು ಎದ್ದದ್ದು ಚಿತ್ರ ಮುಗಿದಾಗಲೇ.

1957ರ ಚಿತ್ರ ಅದು. ತೆಲುಗಿನಲ್ಲಿ ಹುಟ್ಟಿ, ತಮಿಳಿನಲ್ಲೂ ತಯಾರಾಗಿ, ಕನ್ನಡದ ದನಿ ಹಾಕಿಸಿಕೊಂಡು ನಮ್ಮ ಕಡೆಗೂ ಬಂತು. ನಿರ್ದೇಶಕರು ಕೆ.ವಿ. ರೆಡ್ಡಿ. ಮದರಾಸಿನ ವಿಜಯಾ ಸಂಸ್ಥೆಯ ನಾಗಿರೆಡ್ಡಿ ಮತ್ತು ಚಕ್ರಪಾಣಿ ಅದರ ನಿರ್ಮಾಪಕರು. ಈ ಹೆಸರುಗಳು ನನ್ನ ವಯಸ್ಸಿನವರಿಗೆ ಇನ್ನೊಂದು ಕಾರಣಕ್ಕೂ ಗೊತ್ತು. 1947ರಲ್ಲಿ ‘ಚಂದಮಾಮ’ ಶುರು ಮಾಡಿದವರೂ ಇವರೇ. ಬೇತಾಳನನ್ನು ಹೆಗಲ ಮೇಲೆ ಹೊತ್ತ ವಿಕ್ರಮನನ್ನು ನೋಡಲು ನಾವು ವಾಚನಾಲಯದ ಬಾಗಿಲು ತೆರೆಯುವುದನ್ನೇ ಕಾಯುತ್ತಿದ್ದೆವು. ಆ ಚಂದಮಾಮದ ಪುಟವೇ ಎದ್ದು ಓಡಾಡಿದರೆ ಹೇಗಿರುತ್ತದೋ ಹಾಗಿದೆ ಈ ಚಿತ್ರ. ಮಾಯಮಂತ್ರದ ಚಿತ್ರಗಳು ಆಗ ಬೇರೆಯೂ ಇದ್ದವು. ನಮ್ಮ ಉಡುಪಿ ಕಡೆಯ ಬಿ. ವಿಠ್ಠಲಾಚಾರ್ಯರು ಭೂತ, ಬೇತಾಳ, ಹಾರುವ ರುಂಡಗಳ ಚಿತ್ರಗಳಿಗೇ ಹೆಸರಾದವರು. ಅವನ್ನು ನೋಡಿ ಬಂದ ರಾತ್ರಿ ಹಿತ್ತಲಿಗೆ ಹೋಗಲು ಹೆದರಿಕೆ. ‘ಮಾಯಾಬಜಾರ್’ ನೋಡಿ ಬಂದ ರಾತ್ರಿ ಮಾತ್ರ ಕತ್ತಲೊಳಗೆ ನಮ್ಮ ಕಡೆಯವನೊಬ್ಬ ನಿಂತಿದ್ದಾನೆ ಅನ್ನಿಸುತ್ತಿತ್ತು.

ನೋಡದ ಮಕ್ಕಳಿಗಾಗಿ ಕಥೆ ಹೇಳಿಬಿಡುತ್ತೇನೆ. ಬಲರಾಮನ ಮಗಳು ಶಶಿರೇಖೆ, ಅವನ ತಂಗಿ ಸುಭದ್ರೆಯ ಮಗ ಅಭಿಮನ್ಯು. ಚಿಕ್ಕವರಿದ್ದಾಗಲೇ ಇವರಿಬ್ಬರ ಮದುವೆಯ ಮಾತಾಗಿದೆ. ನಮ್ಮ ಕಡೆ ಸೋದರಮಾವನ ಮಗಳನ್ನು ತಂದುಕೊಳ್ಳುವ ಹಾಗೆಯೇ. ಅಷ್ಟರಲ್ಲಿ ಪಾಂಡವರು ಪಗಡೆಯಲ್ಲಿ ರಾಜ್ಯ ಸೋತು ಕಾಡಿಗೆ ಹೋಗುತ್ತಾರೆ. ಬಲರಾಮನ ಹೆಂಡತಿ ರೇವತಿಯ ಮನಸ್ಸು ತಿರುಗುತ್ತದೆ. ದಿಕ್ಕಿಲ್ಲದವರ ಮನೆಗೆ ಮಗಳನ್ನು ಕೊಡುವುದೇ? ಇತ್ತ ದುರ್ಯೋಧನನ ಮಗ ಲಕ್ಷ್ಮಣಕುಮಾರನ ಸಂಬಂಧ ತಾನಾಗಿ ಬಂದಿದೆ. ಬಲರಾಮ ಒಪ್ಪುತ್ತಾನೆ. ಸುಭದ್ರೆ ಅವಮಾನದಿಂದ ಮಗನನ್ನು ಕರೆದುಕೊಂಡು ಅಣ್ಣನ ಮನೆ ಬಿಟ್ಟು ಹೊರಡುತ್ತಾಳೆ. ಕಾಡಿನಲ್ಲಿ ಭೀಮನ ಮಗ ಘಟೋತ್ಕಚ ಸಿಗುತ್ತಾನೆ. ಮುಂದಿನದೆಲ್ಲ ಅವನದೇ ಕಾರುಬಾರು. ಮಲಗಿದ್ದ ಶಶಿರೇಖೆಯನ್ನು ಮಂಚದ ಸಮೇತ ಹಾರಿಸಿಕೊಂಡು ಬರುತ್ತಾನೆ. ತಾನೇ ಶಶಿರೇಖೆಯ ರೂಪ ತಾಳಿ ದ್ವಾರಕೆಯಲ್ಲಿ ಮದುಮಗಳಾಗಿ ಕೂರುತ್ತಾನೆ. ಬೀಗರು ಇಳಿದುಕೊಳ್ಳಲು ರಾತ್ರೋರಾತ್ರಿ ಒಂದು ಮಾಯೆಯ ಪೇಟೆ ಕಟ್ಟಿಸುತ್ತಾನೆ.

ವ್ಯಾಸರ ಭಾರತದಲ್ಲಿ ಈ ಕಥೆ ಇಲ್ಲ. ಜನ ಕಟ್ಟಿಕೊಂಡದ್ದು, ನಾಟಕದವರು ಬೆಳೆಸಿದ್ದು. ನಮಗಂತೂ ಇದು ಹೊಸದೆನಿಸಲಿಲ್ಲ. ಕೃಷ್ಣ ಪಾರಿಜಾತದ ಆಟವನ್ನು ರಾತ್ರಿಯಿಡೀ ನೋಡಿ ಬೆಳೆದ ಸೀಮೆ ನಮ್ಮದು. ಕೌಜಲಗಿ ನಿಂಗಮ್ಮನ ಹೆಸರು ಹೇಳಿದರೆ ನಮ್ಮ ಹಿರಿಯರ ಮುಖ ಅರಳುತ್ತಿತ್ತು. ದೇವರಾದರೂ ಹೆಂಡಂದಿರ ಜಗಳದಲ್ಲಿ ಸಿಕ್ಕು ಒದ್ದಾಡುವ ಕೃಷ್ಣ ನಮಗೆ ಮನೆಯವನೇ ಆಗಿದ್ದ.

ನಾನು ಈ ಚಿತ್ರವನ್ನು ಮೊದಲು ನೋಡಿದ್ದು 1966ರ ಬೇಸಿಗೆಯಲ್ಲಿ. ಏಳನೇ ಇಯತ್ತೆ ಮುಗಿದಿತ್ತು. ಅದಕ್ಕೆ ಮುಂಚಿನ ವರ್ಷ ನಮ್ಮ ಮನೆಯಲ್ಲಿ ಆದದ್ದನ್ನು ಹೇಳದೆ ಆ ರಾತ್ರಿಯ ಮಾತು ಹೇಳಲಾರೆ.

ನಮ್ಮಪ್ಪ ನೇಕಾರ. ಮನೆಯಲ್ಲಿ ನಾಲ್ಕು ಕೈಮಗ್ಗ ಇದ್ದವು. ನಸುಕಿನಲ್ಲಿ ಎಚ್ಚರವಾಗುತ್ತಿದ್ದುದೇ ಮಗ್ಗದ ಸಪ್ಪಳಕ್ಕೆ. ಅಪ್ಪ ಪಗಡೆ ಆಡಿದವನಲ್ಲ, ಒಂದು ಬೀಡಿ ಸೇದಿದವನೂ ಅಲ್ಲ. ಅವನು ಮಾಡಿದ ತಪ್ಪು ಒಂದೇ. ಗೆಳೆಯನೊಬ್ಬ ಉದ್ದರಿ ನೂಲು ತಂದಾಗ ಅದಕ್ಕೆ ಜಾಮೀನು ನಿಂತ. ಗೆಳೆಯ ಒಂದು ದಿನ ಹೆಂಡರು ಮಕ್ಕಳನ್ನು ಕರೆದುಕೊಂಡು ಇಚಲಕರಂಜಿ ಕಡೆ ಹೋದವನು ತಿರುಗಿ ಬರಲಿಲ್ಲ. ನೂಲಿನ ವ್ಯಾಪಾರಿ ನಮ್ಮ ಬಾಗಿಲಿಗೆ ಬಂದ. ಮೂರು ಮಗ್ಗ ಬಿಚ್ಚಿ ಗಾಡಿಗೆ ಹೇರಿದರು. ಉಳಿದ ಒಂದರ ಮೇಲೆ ಅಪ್ಪ ಕೂತ. ಅಣ್ಣ ಮಂದಿಯ ಮಗ್ಗಕ್ಕೆ ಕೂಲಿ ಹೋದ. ಮಗ್ಗ ಎತ್ತಿದ ಮೇಲೆ ಉಳಿದ ಮೂರು ಕುಣಿಗಳನ್ನು ಅವ್ವ ಬಹಳ ದಿನ ಮುಚ್ಚಗೊಡಲಿಲ್ಲ.

ಮಳೆ ಹೋದ ವರ್ಷ ಬೇರೆ. ರೇಷನ್ ಅಂಗಡಿಯಲ್ಲಿ ಅಮೆರಿಕದ ಕೆಂಪು ಜೋಳ ಕೊಡುತ್ತಿದ್ದರು. ಅದರ ರೊಟ್ಟಿ ಬಡಿದರೆ ಅಂಚು ಬಿರಿಯುತ್ತಿತ್ತು. ಅವ್ವ ಬೈದುಕೊಂಡೇ ಬಡಿಯುತ್ತಿದ್ದಳು.

ಅವ್ವನ ತವರು ಮುಧೋಳ. ಮಾವನಿಗೆ ಘಟಪ್ರಭಾ ದಂಡೆಯಲ್ಲಿ ಹೊಲ, ಕಬ್ಬು, ಎರಡು ಜೋಡಿ ಎತ್ತು. ಮಾವನ ಮಗಳನ್ನು ನಮ್ಮಣ್ಣನಿಗೆ ತರುವುದೆಂದು ಅವಳು ತೊಟ್ಟಿಲಲ್ಲಿದ್ದಾಗಲೇ ಮಾತಾಗಿತ್ತು. ಜಾತ್ರೆಗೆ ಹೋದಾಗಲೆಲ್ಲ ಅವ್ವ ಅವಳಿಗೆಂದೇ ಬಳೆ ತೆಗೆದುಕೊಳ್ಳುತ್ತಿದ್ದಳು. ನಮ್ಮ ಮಗ್ಗ ಹೋದ ಸುದ್ದಿ ಮುಧೋಳ ಮುಟ್ಟಿದ ತಿಂಗಳೊಪ್ಪತ್ತಿನಲ್ಲಿ ಮಾಮಿಯಿಂದ ಮಾತು ಬಂತು: ‘ಹುಡುಗಿ ಇನ್ನಾ ಸಣ್ಣಾಕಿ. ಈಗ ಬ್ಯಾಡ.’ ದೀಪಾವಳಿ ಹೊತ್ತಿಗೆ ಆ ಸಣ್ಣ ಹುಡುಗಿಯ ನಿಶ್ಚಯ ಜಮಖಂಡಿಯ ಅಂಗಡಿಕಾರರ ಮನೆಗೆ ಆಯಿತು. ಮಾವ ಒಂದು ಮಾತೂ ಆಡಲಿಲ್ಲ. ಅವ್ವ ಅಳಲೂ ಇಲ್ಲ, ಬೈಯಲೂ ಇಲ್ಲ. ನಗುವುದನ್ನು ಬಿಟ್ಟಳು, ಅಷ್ಟೇ. ನಮ್ಮವ್ವ ಓಣಿಗೆ ಕೇಳುವ ಹಾಗೆ ನಗುತ್ತಿದ್ದ ಹೆಂಗಸು. ಅದು ನಿಂತ ಮೇಲೆ ಮನೆಯಲ್ಲಿ ಮಗ್ಗದ ಸಪ್ಪಳ ನಿಂತದ್ದಕ್ಕಿಂತ ಹೆಚ್ಚು ಭಣಭಣ ಅನ್ನುತ್ತಿತ್ತು.

ಆ ಬೇಸಿಗೆಯಲ್ಲಿ ರಬಕವಿ ಮತ್ತು ಬನಹಟ್ಟಿಯ ನಡುವಿನ ಬಯಲಲ್ಲಿ ಟೂರಿಂಗ್ ಟಾಕೀಜ್ ಡೇರೆ ಹಾಕಿತ್ತು. ಸಂಜೆಯಾದರೆ ಅದರ ಹಾಡು ನಮ್ಮ ಮಾಳಿಗೆಯವರೆಗೆ ಬರುತ್ತಿತ್ತು. ರಜೆಯಲ್ಲಿ ನಾನು ಪಕ್ಕದ ಮನೆಯವರಿಗೆ ಕಂಡಿಕೆ ಸುತ್ತಿ ಕೊಡುತ್ತಿದ್ದೆ. ಕೂಡಿಟ್ಟ ದುಡ್ಡು ಒಂದು ರೂಪಾಯಿಯಾಗಿತ್ತು. ನೆಲದ ಟಿಕೀಟಿಗೆ ನಾಲ್ಕಾಣೆ. ನಾಲ್ಕು ಮಂದಿಗೆ ಸರಿಹೋಯಿತು. ಅಪ್ಪ ಬರುವುದಿಲ್ಲ ಅಂದ. ಅವ್ವನಂತೂ ಬಾಗಿಲ ಹೊರಗೇ ಬರುತ್ತಿರಲಿಲ್ಲ. ಅಣ್ಣ ಹೇಳಿದ: ‘ಸಣ್ಣಾಂವ ದುಡದ ರೊಕ್ಕ ಐತಿ. ಬ್ಯಾಡ ಅಂದ್ರ ಅವನ ಮನಸ್ಸು ಮುರೀತೈತಿ.’ ಅದಕ್ಕೆ ಇಬ್ಬರೂ ಎದ್ದರು. ಚಿತ್ರದಲ್ಲಿ ಏನಿದೆ ಎಂದು ನಮಗೆ ಯಾರಿಗೂ ಗೊತ್ತಿರಲಿಲ್ಲ. ಗೊತ್ತಿದ್ದರೆ ಅಣ್ಣ ನಮ್ಮನ್ನು ಕರೆದುಕೊಂಡು ಹೋಗುತ್ತಿರಲಿಲ್ಲ.

ಡೇರೆಯೊಳಗೆ ಗಂಡಸರ ಕಡೆ, ಹೆಂಗಸರ ಕಡೆ ಎಂದು ಎರಡು ಭಾಗ. ನಡುವೆ ಗೋಣಿಪಾಟಿನ ಪರದೆ. ಅವ್ವ ಆಚೆ, ನಾವು ಮೂವರು ಈಚೆ ಉಸುಕಿನ ಮೇಲೆ. ರೇವತಿ ಸಂಬಂಧ ಮುರಿಯುವ ಮಾತಾಡಿದಾಗ ನನಗೆ ಎದೆ ಧಸಕ್ ಅಂತು. ಅಪ್ಪ ತಲೆ ಕೆಳಗೆ ಹಾಕಿದ. ಅಣ್ಣ ಬೆರಳಿನಿಂದ ಉಸುಕಿನಲ್ಲಿ ಗೆರೆ ಎಳೆಯುತ್ತಿದ್ದ. ಪರದೆಯ ಆಚೆ ಅವ್ವ ಹೇಗೆ ಕೂತಿದ್ದಾಳೋ ಕಾಣುವಂತಿರಲಿಲ್ಲ. ಎದ್ದು ಮನೆಗೆ ಹೋಗೋಣ ಅನ್ನಲು ಬಾಯಿ ತೆರೆದೆ. ಅಷ್ಟರಲ್ಲಿ ರೀಲು ಮುಗಿದು ದೀಪ ಹತ್ತಿತು. ಒಂದೇ ಯಂತ್ರದ ಡೇರೆಯಲ್ಲಿ ರೀಲು ಬದಲಿಸುವಾಗೆಲ್ಲ ಹಾಗೆಯೇ. ಶೇಂಗಾ ಮಾರುವವನು ಬಂದ, ಹೋದ. ಯಾರೂ ಏಳಲಿಲ್ಲ.

ಮತ್ತೆ ಕತ್ತಲಾಯಿತು. ಘಟೋತ್ಕಚ ಬಂದ.

ಎಸ್.ವಿ. ರಂಗರಾವ್ ಆ ಪಾತ್ರ ಮಾಡಿದ್ದಾರೆ. ಅಂಥ ದೇಹ, ಅಂಥ ಗದೆ, ಅಂಥ ಮೀಸೆ. ಆದರೂ ಕಣ್ಣಲ್ಲಿ ಮಗುವಿನ ನಗು. ಮದುವೆಯ ಅಡುಗೆಮನೆಯಲ್ಲಿ ಅವನು ಊಟಕ್ಕೆ ಕೂತ ಹಾಡು ಬಂದಾಗ ಇಡೀ ಡೇರೆ ಎದ್ದು ಕೂತಿತು. ಲಾಡುಗಳು ತಾವಾಗಿಯೇ ತಟ್ಟೆಯಿಂದ ಎದ್ದು ಅವನ ಬಾಯಿಗೆ ಹಾರುತ್ತವೆ. ಕೆಂಪು ಜೋಳದ ರೊಟ್ಟಿ ತಿಂದು ಬಂದಿದ್ದ ನಾವು ನೂರಾರು ಮಂದಿ ಅವನೊಂದಿಗೆ ಬಾಯಿ ತೆರೆದು ಮುಚ್ಚುತ್ತಿದ್ದೆವು. ಹಸಿದವನ ಮುಂದೆ ಉಣ್ಣಬಾರದು ಅನ್ನುತ್ತಾರೆ. ಆ ರಾತ್ರಿ ಯಾರಿಗೂ ಹೊಟ್ಟೆಕಿಚ್ಚು ಬರಲಿಲ್ಲ. ಅವನು ನಮ್ಮ ಪಾಲಿನದನ್ನೂ ಉಣ್ಣುತ್ತಿದ್ದ ಅನ್ನಿಸಿತು.

ಆಮೇಲೆ ಮದುವೆಯ ಹಂದರ. ಮದುಮಗಳ ರೂಪದಲ್ಲಿ ಘಟೋತ್ಕಚ. ಸಾವಿತ್ರಿ ಅಲ್ಲಿ ಮಾಡಿದ ಅಭಿನಯವನ್ನು ಈಗಿನವರೂ ನೋಡಬೇಕು. ಮುಖ ಹುಡುಗಿಯದು, ಹುಬ್ಬು ಹಾರಿಸುವುದು ರಾಕ್ಷಸನದು. ಕೆಳಗೆ ಲಕ್ಷ್ಮಣಕುಮಾರನ ಕಾಲು ತುಳಿಯುತ್ತಾಳೆ, ಮೇಲೆ ನಾಚಿಕೊಂಡು ತಲೆ ಬಾಗಿಸುತ್ತಾಳೆ. ಅವನು ‘ಅಯ್ಯೋ’ ಅಂದರೆ ಯಾರೂ ನಂಬುವುದಿಲ್ಲ. ಲಕ್ಷ್ಮಣಕುಮಾರನಾದ ರೇಲಂಗಿಯ ಆ ಅಳುಮೋರೆ! ಡೇರೆ ನಗುತ್ತಿತ್ತು. ಆ ನಗುವಿನ ನಡುವೆ, ಪರದೆಯ ಆಚೆಯಿಂದ, ಒಂದು ನಗು ಬೇರೆಯಾಗಿ ಕೇಳಿತು. ನನಗೆ ಗೊತ್ತಾಯಿತು. ಅಣ್ಣ ನನ್ನ ತೊಡೆ ಹಿಸುಕಿದ. ನಾನು ಅಪ್ಪನ ಕಡೆ ನೋಡಿದೆ. ಅಪ್ಪ ತೆರೆ ನೋಡುತ್ತಿರಲಿಲ್ಲ. ಪರದೆಯ ಕಡೆ ಮುಖ ಮಾಡಿ ಕೂತಿದ್ದ. ಚಿತ್ರದ ಕೊನೆಯನ್ನು ಅವನು ನೋಡಲೇ ಇಲ್ಲ ಅಂತ ಕಾಣುತ್ತದೆ.

ಮನೆಗೆ ನಡೆದು ಬರುವಾಗ ಬೆಳದಿಂಗಳಿತ್ತು. ಅವ್ವ ತುಸು ದೂರ ಸುಮ್ಮನೆ ನಡೆದು, ‘ನಮಗೂ ಒಬ್ಬ ಘಟೋತ್ಕಚ ಇರಬೇಕಾಗಿತ್ತು ನೋಡ್ರಿ’ ಅಂದಳು.

ಅಪ್ಪ ಹೇಳಿದ: ‘ಇದ್ದಿದ್ದರ ಅವನಿಗೆ ಊಟಕ್ಕ ಏನ ಹಾಕತಿದ್ದಿ?’

ದಾರಿಯ ನಡುವೆ ನಿಂತು ಇಬ್ಬರೂ ನಕ್ಕರು. ಅವ್ವ ಸೆರಗಿನಿಂದ ಕಣ್ಣು ಒರೆಸಿಕೊಂಡು ಮತ್ತೆ ನಕ್ಕಳು. ನಾಯಿಗಳು ಬೊಗಳಿದವು.

ನಮ್ಮ ಮನೆಗೆ ಘಟೋತ್ಕಚ ಬರಲಿಲ್ಲ. ಮಾವನ ಮಗಳ ಮದುವೆ ಜಮಖಂಡಿಯಲ್ಲೇ ಆಯಿತು. ಎರಡು ವರ್ಷದ ಮೇಲೆ ಅಣ್ಣ ತೇರದಾಳದ ಹೆಣ್ಣು ತಂದುಕೊಂಡ. ಚೆನ್ನಾಗಿಯೇ ಬಾಳಿದರು. ಮುಂದೆ ವಿದ್ಯುತ್ ಮಗ್ಗ ಹಾಕಿದ. ಅವ್ವ ಮಾತ್ರ ಏಳು ವರ್ಷ ತವರಿನ ಹೊಸ್ತಿಲು ತುಳಿಯಲಿಲ್ಲ. ಮಾವನಿಗೆ ಲಕ್ವ ಹೊಡೆದಾಗ ಹೋದಳು, ಹೋದವಳು ತಿಂಗಳು ನಿಂತು ಬಾಣಂತನ ಮಾಡಿದ ಹಾಗೆ ಅಣ್ಣನ ಸೇವೆ ಮಾಡಿ ಬಂದಳು.

ನಾನು ಕರ್ನಾಟಕ ವಿಶ್ವವಿದ್ಯಾಲಯದ ಬಿ.ಕಾಂ. ಪದವಿ ಮುಗಿಸಿ ಬ್ಯಾಂಕಿಗೆ ಗುಮಾಸ್ತನಾಗಿ ಸೇರಿದೆ. 2013ರಲ್ಲಿ ನಿವೃತ್ತಿಯಾಗುವವರೆಗೆ ಈ ನಾಲ್ಕು ಊರು ಬಿಟ್ಟು ಹೆಚ್ಚು ಆಚೆ ಹೋಗಲಿಲ್ಲ. ಸಾವಿರಾರು ಜಾಮೀನು ಪತ್ರಗಳ ಮೇಲೆ ಸಹಿ ತಾಳೆ ನೋಡಿದ್ದೇನೆ. ಪ್ರತಿ ಸಹಿಯ ಹಿಂದೆಯೂ ಅಪ್ಪ ಕಾಣುತ್ತಿದ್ದ. ‘ಗೆಳೆಯಾ ರೀ, ಇಲ್ಲ ಅನ್ನಾಕ ಆಗಲಿಲ್ಲ’ ಅನ್ನುವವರಿಗೆ ಒಂದು ನಿಮಿಷ ಕೂಡಿಸಿ ಕಾಗದವನ್ನು ಕನ್ನಡದಲ್ಲಿ ಓದಿ ಹೇಳುತ್ತಿದ್ದೆ. ಅದು ನನ್ನ ಕೆಲಸವಾಗಿರಲಿಲ್ಲ. ಚಿತ್ರದಲ್ಲಿ ಒಂದು ಸತ್ಯಪೀಠವಿದೆ. ಅದರ ಮೇಲೆ ನಿಂತವನು ನಿಜವನ್ನೇ ಹೇಳಬೇಕು. ಕೊನೆಗೆ ಶಕುನಿ ಅದರ ಮೇಲೆ ಕಾಲಿಟ್ಟು ತನ್ನ ಕುತಂತ್ರವನ್ನೆಲ್ಲ ತಾನೇ ಬಾಯಿಬಿಡುತ್ತಾನೆ. ಅಂಥದೊಂದು ಪೀಠ ಸಾಲದ ಮೇಜಿನ ಮುಂದೆ ಇದ್ದಿದ್ದರೆ ಎಷ್ಟು ಮಗ್ಗ ಉಳಿಯುತ್ತಿದ್ದವೋ ಎಂದು ಲೆಕ್ಕ ಹಾಕಿದ್ದುಂಟು.

ಬೀಳಗಿಯಲ್ಲಿದ್ದಾಗಿನ ಒಂದು ಮಾತು. ಅಮೀರಬಾಯಿ ಕರ್ನಾಟಕಿ ಹುಟ್ಟಿದ ಊರದು. ಮುಂಬೈಗೆ ಹೋಗಿ ‘ಕಿಸ್ಮತ್’ ಚಿತ್ರಕ್ಕೆ ಹಾಡಿದ ಗಾಯಕಿ. ಅಲ್ಲಿಯವರಿಗೆ ಸಿನಿಮಾ ಮಾತೆಂದರೆ ಸ್ವಂತ ಮಾತು. ಆಲಮಟ್ಟಿ ಅಣೆಕಟ್ಟಿನ ಹಿನ್ನೀರಿಗೆ ಕೃಷ್ಣೆಯ ದಂಡೆಯ ಊರುಗಳು ಮುಳುಗಿ ಪರಿಹಾರದ ಚೆಕ್ಕುಗಳು ಬರುತ್ತಿದ್ದ ಕಾಲ. ಪುನರ್ವಸತಿ ಕೇಂದ್ರದಲ್ಲಿ ಇನ್ನೂ ನೀರಿಲ್ಲ, ರಸ್ತೆಯಿಲ್ಲ ಎಂದು ಯಾರೋ ಬೈಯುತ್ತಿದ್ದಾಗ ಸಾಲಿನಲ್ಲಿದ್ದ ಮುದುಕರೊಬ್ಬರು ಅಂದರು: ‘ಒಂದ ರಾತ್ರ್ಯಾಗ ಊರ ಕಟ್ಟಾಕ ಅವರೇನ ಘಟೋತ್ಕಚನ ಮಂದಿ ಏನೋ ತಮ್ಮಾ?’ ಸಾಲೆಲ್ಲ ನಕ್ಕಿತು. ಮುಳುಗಿದ ಊರಿನವರು ನಗುವುದನ್ನು ಗಾಜಿನ ಈಚೆ ಕೂತು ನೋಡಿದೆ.

1989ರಲ್ಲಿ ನಾನು ಮುಧೋಳ ಶಾಖೆಯಲ್ಲಿದ್ದೆ. ಗಣಪತಿ ಹಬ್ಬಕ್ಕೆ ಓಣಿಯವರು ವಿ.ಸಿ.ಆರ್. ಬಾಡಿಗೆಗೆ ತಂದು ‘ಮಾಯಾಬಜಾರ್’ ಕ್ಯಾಸೆಟ್ ಹಾಕಿದರು. ಅವ್ವ ನಮ್ಮ ಮನೆಯಲ್ಲಿದ್ದಳು. ಮಾವ ತೀರಿಕೊಂಡಿದ್ದ. ಮಾಮಿಗೆ ಎಪ್ಪತ್ತು ದಾಟಿತ್ತು. ಕೋಲೂರಿಕೊಂಡು ಅವಳೂ ಬಂದಳು. ಇಬ್ಬರೂ ಒಂದೇ ಚಾಪೆಯ ಮೇಲೆ ಗೋಡೆಗೆ ಬೆನ್ನು ಕೊಟ್ಟು ಕೂತರು. ನನಗೆ ಆಗ ನೆನಪಾಯಿತು, ಈಗ ಯಾವ ಸನ್ನಿವೇಶ ಬರುತ್ತದೆ ಎಂದು. ಕರೆಂಟು ಹೋಗಲಿ ಎಂದು ಬೇಡಿಕೊಂಡೆ. ಎಂದೂ ಹೋಗುವ ಕರೆಂಟು ಅಂದು ಹೋಗಲಿಲ್ಲ.

ಮೊಮ್ಮಗ ವಿಡಿಯೋ ಕಾಲ್ ಎಂದನಲ್ಲ, ಆ ಪೆಟ್ಟಿಗೆಯ ಹೆಸರು ಪ್ರಿಯದರ್ಶಿನಿ. ತೆರೆದು ನೋಡಿದವರಿಗೆ ತಮಗೆ ಅತ್ಯಂತ ಪ್ರಿಯವಾದದ್ದು ಅದರಲ್ಲಿ ಕಾಣುತ್ತದೆ. ಶಶಿರೇಖೆಗೆ ಅಭಿಮನ್ಯು. ಬಲರಾಮನಿಗೆ ತನ್ನ ಶಿಷ್ಯ ದುರ್ಯೋಧನ. ಕೃಷ್ಣ ನೋಡಿದರೆ ಶಕುನಿ ಕಾಣುತ್ತಾನೆ! ರೇವತಿ ನೋಡಿದರೆ ಒಡವೆ ವಸ್ತು. ಓಣಿಯ ಮಂದಿ ರೇವತಿಯನ್ನು ನೋಡಿ ಗೊಳ್ಳೆಂದು ನಕ್ಕರು. ಮಾಮಿ ನಗಲಿಲ್ಲ. ಸ್ವಲ್ಪ ಹೊತ್ತಿನ ಮೇಲೆ, ತೆರೆಯಿಂದ ಕಣ್ಣು ತೆಗೆಯದೆ, ಅಂದಳು:

‘ಆ ಪೆಟಗಿ ಆವತ್ತ ನನ್ನ ಮುಂದ ಇಟ್ಟಿದ್ದರ ನನಗೂ ಅದ ಕಾಣತಿತ್ತು, ತಂಗೀ.’

ಅವ್ವ ಅವಳ ಕಡೆ ತಿರುಗಲಿಲ್ಲ. ಮಾಮಿಯ ಮೊಣಕಾಲ ಮೇಲೆ ಕೈಯಿಟ್ಟು, ‘ಸುಮ್ಮನ ನೋಡ ವೈನಿ. ಲಾಡು ತಿನ್ನಾಂವ ಇನ್ನೇನು ಬರತಾನ’ ಅಂದಳು.

ಇಪ್ಪತ್ತನಾಲ್ಕು ವರ್ಷದಲ್ಲಿ ಆ ವಿಷಯ ಅವರಿಬ್ಬರ ನಡುವೆ ಬಂದದ್ದು ಅದೊಂದೇ ಸಲ. ಮತ್ತೆ ಬರಲಿಲ್ಲ. ಘಟೋತ್ಕಚ ಬಂದಾಗ ಇಬ್ಬರೂ ಹಲ್ಲಿಲ್ಲದ ಬಾಯಿ ತೆರೆದು ನಕ್ಕರು. ನಾನು ನೀರು ಕುಡಿಯುವ ನೆಪದಿಂದ ಒಳಗೆ ಹೋದೆ.

ಭಾರತೀಯ ಸಿನಿಮಾಕ್ಕೆ ನೂರು ವರ್ಷ ತುಂಬಿದ 2013ರಲ್ಲಿ ಸಿಎನ್‌ಎನ್-ಐಬಿಎನ್ ವಾಹಿನಿಯವರು ಜನರ ಮತ ಕೇಳಿದಾಗ ‘ಮಾಯಾಬಜಾರ್’ ಮೊದಲ ಸ್ಥಾನ ಪಡೆಯಿತು. ಅದಕ್ಕೂ ಮೂರು ವರ್ಷ ಮೊದಲು ಅದಕ್ಕೆ ಬಣ್ಣ ಹಚ್ಚಿ ಬಿಡುಗಡೆ ಮಾಡಿದ್ದರು. ನನಗೆ ಬಣ್ಣದ್ದು ಅಷ್ಟು ರುಚಿಸಲಿಲ್ಲ. ಮಾರ್ಕಸ್ ಬಾರ್ಟ್ಲೆ ಎಂಬ ಛಾಯಾಗ್ರಾಹಕರು ಸೃಷ್ಟಿಸಿದ ಆ ದೋಣಿಯ ಹಾಡಿನ ಬೆಳದಿಂಗಳು ಬಿಳಿಯದಾಗಿಯೇ ಇರಬೇಕು. ನಾವು ನಡೆದುಕೊಂಡು ಬಂದ ದಾರಿಯ ಬೆಳದಿಂಗಳೂ ಹಾಗೇ ಇತ್ತು.

ಇಷ್ಟು ವರ್ಷ ಈ ಚಿತ್ರ ಯಾಕೆ ಹಳಸಲಿಲ್ಲ ಎಂದು ಜನ ಕೇಳುತ್ತಾರೆ. ಮಾಯೆಯ ದೃಶ್ಯಗಳು ಅನ್ನುತ್ತಾರೆ ಕೆಲವರು. ಅದಕ್ಕಿಂತ ದೊಡ್ಡ ಮಾಯೆ ಈಗ ಮಕ್ಕಳ ಕೈಯ ಮೊಬೈಲಿನಲ್ಲೇ ಇದೆ. ನನಗನ್ನಿಸುವುದು ಬೇರೆ. ಇದರಲ್ಲಿ ಅನ್ಯಾಯಕ್ಕೆ ಉತ್ತರ ಇದೆ, ಆದರೆ ಒಬ್ಬನೂ ಸಾಯುವುದಿಲ್ಲ. ಲಕ್ಷ್ಮಣಕುಮಾರನ ಕಾಲು ತುಳಿಯುತ್ತಾರೆ, ತಲೆ ಕಡಿಯುವುದಿಲ್ಲ. ಬೀಗರನ್ನು ಮಂಚ ತಿರುಗಿಸಿ ಕೆಡವುತ್ತದೆ, ಕಂಬಳಿ ಸುತ್ತಿಕೊಂಡು ಉರುಳಿಸುತ್ತದೆ. ನಾವು ಊಟ-ಗೀಟ, ಕಂಬಳಿ-ಗಿಂಬಳಿ ಅನ್ನುತ್ತೇವಲ್ಲ, ಆ ‘ಗಿಂಬಳಿ’ಗೇ ಜೀವ ಬಂದು ಕುಣಿದ ಹಾಗೆ. ಕೆಟ್ಟವರು ಮಾನ ಕಳೆದುಕೊಂಡು ಮನೆಗೆ ಹೋಗುತ್ತಾರೆ, ಆದರೆ ಹೋಗುತ್ತಾರೆ, ಉಳಿಯುತ್ತಾರೆ. ಅವರೊಡನೆ ಮುಂದೆಂದಾದರೂ ಒಂದೇ ಚಾಪೆಯ ಮೇಲೆ ಕೂರಲು ಜಾಗ ಇರುತ್ತದೆ.

ಹಾಗೆಂದು ನೋಡುವವರಿಗೆ ಮುಂದಿನದು ಗೊತ್ತಿಲ್ಲವೆಂದಲ್ಲ. ಪಗಡೆಗೂ ಕುರುಕ್ಷೇತ್ರಕ್ಕೂ ನಡುವೆ ಸಿಕ್ಕ ನಗುವಿನ ನಾಲ್ಕು ದಿನ ಇದು. ನಮ್ಮ ಮುಧೋಳದ ಮಗ ರನ್ನ, ಭೀಮ-ದುರ್ಯೋಧನರ ಗದಾಯುದ್ಧವನ್ನು ಸಾವಿರ ವರ್ಷದ ಹಿಂದೆಯೇ ಬರೆದಿದ್ದಾನೆ. ಅಲ್ಲಿ ಯಾರು ಉಳಿದರು, ಯಾರು ಅತ್ತರು ಎಂಬುದು ನಮ್ಮೂರ ಶಾಲೆಯ ಹುಡುಗರಿಗೂ ಗೊತ್ತು. ಚಕ್ರವ್ಯೂಹ ಹೊಕ್ಕ ಅಭಿಮನ್ಯು ಹೊರಬರುವುದಿಲ್ಲ. ಲಕ್ಷ್ಮಣಕುಮಾರನೂ ಅಂದೇ ಬೀಳುತ್ತಾನೆ. ಮರುದಿನದ ರಾತ್ರಿ ಕರ್ಣನ ಶಕ್ತ್ಯಾಯುಧಕ್ಕೆ ಘಟೋತ್ಕಚ ಬಲಿಯಾಗುತ್ತಾನೆ. ಅವ್ವನಿಗೆ ಗುಡಿಯ ಪುರಾಣದಲ್ಲಿ ಕೇಳಿ ಇದೆಲ್ಲ ಗೊತ್ತಿತ್ತು. ಗೊತ್ತಿದ್ದೇ ನಕ್ಕಳು.

ಕಳೆದ ಬೇಸಿಗೆ ಚಿತ್ರ ಮುಗಿದಾಗ ಮೊಮ್ಮಗ ಕೇಳಿದ: ‘ಅಜ್ಜಾ, ಘಟೋತ್ಕಚ ಆಮೇಲೆ ಏನ್ ಆದ?’

ನಾನು ಕನ್ನಡಕ ತೆಗೆದು ಒರೆಸಿದೆ. ‘ಏನಾಗ್ತಾನ? ಅಷ್ಟ ಉಂಡಾಂವ, ಮಲಕೊಂಡ’ ಅಂದೆ. ಅವನಿಗೆ ಇನ್ನೂ ಏಳು ವರ್ಷ. ಉಳಿದದ್ದನ್ನು ಅವನೇ ಓದಿಕೊಳ್ಳಲಿ.

ನನ್ನ ಹೆಂಡತಿ ಊಟಕ್ಕೆ ಕರೆದಳು. ಅಂದು ಬುಂದಿ ಲಾಡು ಕಟ್ಟಿದ್ದಳು. ಮೊಮ್ಮಗ ತಟ್ಟೆಯ ಮುಂದೆ ಕೂತು, ಎರಡೂ ಕೈ ತೊಡೆಯ ಮೇಲಿಟ್ಟು, ಬಾಯಿ ಅಗಲಿಸಿ ಕಾದ. ಲಾಡು ಏಳಲಿಲ್ಲ. ಅವನೂ ಬಾಯಿ ಮುಚ್ಚಲಿಲ್ಲ. ಕೊನೆಗೆ ಅವನ ಅಜ್ಜಿಯೇ ಒಂದನ್ನು ಎತ್ತಿ, ಅದು ಗಾಳಿಯಲ್ಲಿ ತೇಲಿ ಬರುವ ಹಾಗೆ ತೂಗಾಡಿಸುತ್ತ ತಂದು ಹಾಕಿದಳು.